‘ದಿ ಮ್ಯಾಟ್ರಿಕ್ಸ್’ ಹಿಂದಿಯಲ್ಲೋ, ಇಂಗ್ಲಿಷಿನಲ್ಲೋ, ತೆಲುಗಿನಲ್ಲೋ? ಕೋಲಾರದಲ್ಲಿ ಕೂತು ಆರಿಸುವವರಿಗೆ

ಗುಂಡು ತಪ್ಪಿಸಿಕೊಳ್ಳಲು ನಾಯಕ ಬೆನ್ನು ಬಗ್ಗಿಸಿ ಹಿಂದಕ್ಕೆ ವಾಲುವ ದೃಶ್ಯಕ್ಕೆ ಭಾಷೆ ಬೇಡ. ಆದರೆ 1999ರಲ್ಲಿ ಬಂದ ‘ದಿ ಮ್ಯಾಟ್ರಿಕ್ಸ್’ 136 ನಿಮಿಷದ ಸಿನಿಮಾ, ಅದು ನಿಂತಿರುವುದು ಮೊದಲರ್ಧದ ಒಂದಿಪ್ಪತ್ತು ನಿಮಿಷದ ಮಾತಿನ ಮೇಲೆ. ನಾಯಕ ನಿಯೋ ಕೆಂಪು ಮಾತ್ರೆ ನುಂಗಿ, ದ್ರವ ತುಂಬಿದ ತೊಟ್ಟಿಯೊಂದರಲ್ಲಿ ಎಚ್ಚರವಾಗಿ, ಬಂಡಾಯಗಾರರ ಹಡಗಿಗೆ ಬಂದು ಸುಧಾರಿಸಿಕೊಂಡ ಮೇಲೆ ಅವರ ಮುಖ್ಯಸ್ಥ ಮಾರ್ಫಿಯಸ್ ಅವನನ್ನು ಬಿಳಿ ಬಯಲಿನಂಥ ಖಾಲಿ ಜಾಗಕ್ಕೆ ಕರೆತರುತ್ತಾನೆ. ಎರಡು ಕುರ್ಚಿ, ಒಂದು ಹಳೆಯ ಟಿವಿ. ನೀನು ಇಷ್ಟು ದಿನ ಬದುಕಿದ ಊರು ಯಂತ್ರಗಳು ನಡೆಸುವ ‘ಮ್ಯಾಟ್ರಿಕ್ಸ್’ ಎಂಬ ಕಂಪ್ಯೂಟರ್ ಲೋಕ, ನಿನ್ನ ಮೈಯಿಂದ ಅವು ಶಕ್ತಿ ತೆಗೆದುಕೊಳ್ಳುತ್ತಿದ್ದವು ಎಂದು ಅಲ್ಲಿ ಹೇಳುತ್ತಾನೆ. ಇದು ತಲೆಗೆ ಹತ್ತದಿದ್ದರೆ ಮುಂದಿನದೆಲ್ಲ ಕಪ್ಪು ಕೋಟು, ಕಪ್ಪು ಕನ್ನಡಕದವರ ಹೊಡೆದಾಟವಾಗಿ ಉಳಿಯುತ್ತದೆ.

ಹಾಗಾಗಿ ಆಯ್ಕೆ ಮಾಡುವಾಗ ಕೇಳಿಕೊಳ್ಳಬೇಕಾದ್ದು ಒಂದೇ: ಕೋಣೆಯಲ್ಲಿ ಕೂತವರಿಗೆ ಈ ವಿವರಣೆಯ ಭಾಗ ಯಾವ ಭಾಷೆಯಲ್ಲಿ ದಾಟುತ್ತದೆ? ಡಬ್ಬಿಂಗ್ ಕಲಾವಿದರ ದನಿ ಚೆನ್ನಾಗಿದೆಯೋ, ಮೂಲದಲ್ಲೇ ನೋಡಿದರೆ ಮರ್ಯಾದೆಯೋ ಎಂಬುದೆಲ್ಲ ಆಮೇಲೆ.

ಪರೀಕ್ಷಿಸುವ ದಾರಿ ಸುಲಭ. ಸುಮಾರು 40ನೇ ನಿಮಿಷಕ್ಕೆ ಹೋಗಿ ಐದು ನಿಮಿಷ ಓಡಿಸಿ, ನಿಲ್ಲಿಸಿ. ಗುಂಪಿನಲ್ಲಿ ಆ ಭಾಷೆ ಎಲ್ಲರಿಗಿಂತ ಕಡಿಮೆ ಬಲ್ಲ ಒಬ್ಬರನ್ನು ಕೇಳಿ: “ಈಗ ನಿಯೋನ ಮೈ ಎಲ್ಲಿದೆ?” ಹಡಗಿನ ಕುರ್ಚಿಯಲ್ಲಿ, ಕತ್ತಿನ ಹಿಂದೆ ತಂತಿ ಚುಚ್ಚಿಕೊಂಡು ಒರಗಿದೆ ಎಂಬ ಉತ್ತರ ಬಂದರೆ ಆ ಭಾಷೆ ಸಾಕು. “ಆ ಬಿಳಿ ರೂಮಿನಲ್ಲಿ” ಎಂದರೆ ಬೇರೆ ಭಾಷೆ ಹಿಡಿಯಿರಿ. ಕತೆಯ ಗುಟ್ಟು ಬಿಟ್ಟುಕೊಟ್ಟಂತಾಗುತ್ತದೆ ಅನ್ನುವುದು ನಿಜ. ಅದಕ್ಕೇ ಇಡೀ ಗುಂಪಿಗೆ ತೋರಿಸದೆ ಒಬ್ಬರಿಗೆ ಮಾತ್ರ ತೋರಿಸುವುದು.

ನಮ್ಮ ಜಿಲ್ಲೆಯ ಕಿವಿಗಳು

ಕೋಲಾರದಲ್ಲಿ ಈ ಪ್ರಶ್ನೆಗೆ ಒಂದೇ ಉತ್ತರ ಇರುವುದು ಸಾಧ್ಯವಿಲ್ಲ. ಮುಳಬಾಗಿಲು, ಶ್ರೀನಿವಾಸಪುರದ ಕಡೆ ಎಷ್ಟೋ ಮನೆಗಳಲ್ಲಿ ಆಡುವ ಮಾತೇ ತೆಲುಗು. ಪಕ್ಕದ ಚಿಂತಾಮಣಿ, ಬಾಗೇಪಲ್ಲಿಯೂ ಹಾಗೆಯೇ. ಕೆಜಿಎಫ್‌ಗೆ ಹೋದರೆ ತಮಿಳು. ಕೋಲಾರ ಪಟ್ಟಣದ ಉರ್ದು ಮನೆಗಳಲ್ಲಿ ದಖನಿ. ನರಸಾಪುರ, ಮಾಲೂರಿನ ಕಾರ್ಖಾನೆಗಳ ಸುತ್ತಲಿನ ಪಿಜಿಗಳಲ್ಲಿ ಉತ್ತರದಿಂದ ಬಂದ ಹುಡುಗರು ಇರುವುದರಿಂದ ಟಿವಿ ಹಿಂದಿಯಲ್ಲೇ ಓಡುತ್ತಿರುತ್ತದೆ. ಇವರೆಲ್ಲರೂ ಪೇಟೆಯಲ್ಲಿ ಕನ್ನಡದಲ್ಲೇ ವ್ಯವಹರಿಸುತ್ತಾರೆ. ಆದರೆ ಕನ್ನಡದಲ್ಲಿ ಈ ಸಿನಿಮಾ ಕೇಳಿಸಿಕೊಳ್ಳುವ ಅವಕಾಶ ಬರಲಿಲ್ಲ.

ಯಾಕೆ ಎಂಬುದು ಹಳೆಯ ಕತೆ. 1960ರ ದಶಕದ ಡಬ್ಬಿಂಗ್ ವಿರೋಧಿ ಚಳವಳಿಯ ಬಳಿಕ ಕನ್ನಡಕ್ಕೆ ಡಬ್ ಮಾಡುವುದು ಹೆಚ್ಚೂಕಡಿಮೆ ನಿಂತೇಹೋಯಿತು. ಕಾನೂನಿನ ನಿಷೇಧ ಇರಲಿಲ್ಲ, ಚಿತ್ರರಂಗದ ಕಟ್ಟುಪಾಡು ಇತ್ತು. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಆ ಕಟ್ಟುಪಾಡಿನ ವಿರುದ್ಧ ಆದೇಶ ಕೊಟ್ಟಿತು. 2017ರಿಂದ ಡಬ್ ಆದ ಚಿತ್ರಗಳು ಮತ್ತೆ ಕನ್ನಡದಲ್ಲಿ ಬರತೊಡಗಿದವು. 2022ರ ಕೊನೆಗೆ ಎರಡನೆಯ ‘ಅವತಾರ್’ ಥಿಯೇಟರಿಗೇ ಕನ್ನಡ ದನಿಯಲ್ಲಿ ಬಂತು. ‘ದಿ ಮ್ಯಾಟ್ರಿಕ್ಸ್’ ಬಂದದ್ದು ಈ ಗೋಡೆ ಗಟ್ಟಿಯಾಗಿದ್ದಾಗ. ನಮ್ಮ ಕಡೆಯವರು ಹಿಂದಿ ಡಬ್ ನೋಡಿದ್ದಕ್ಕೆ ಹಿಂದಿಯ ಮೇಲಿನ ಪ್ರೀತಿಗಿಂತ ಇದು ದೊಡ್ಡ ಕಾರಣ.

ಹಿಂದಿ ಡಬ್

ಮೊದಲು ಒಂದು ಭ್ರಮೆ ಕಳೆದುಕೊಳ್ಳಬೇಕು. ಪ್ರೌಢಶಾಲೆಯಲ್ಲಿ ತೃತೀಯ ಭಾಷೆಯಾಗಿ ಹಿಂದಿ ಓದಿ ಒಳ್ಳೆಯ ಅಂಕ ತೆಗೆದ ಹುಡುಗರು ದೇವನಾಗರಿ ಓದಬಲ್ಲರು, ಪತ್ರ ಬರೆಯಬಲ್ಲರು. ಓಡುವ ಸಂಭಾಷಣೆಯನ್ನು ಕಿವಿಯಲ್ಲಿ ಹಿಡಿಯುವುದು ಅವರಿಗೆ ಕಷ್ಟ. ಡಬ್ಬಿಂಗ್ ಹಿಂದಿಯ ವೇಗ ಜಾಸ್ತಿ. ಇಂಗ್ಲಿಷಿನ ಚುಟುಕು ವಾಕ್ಯದ ಜಾಗದಲ್ಲಿ, ನಟನ ತುಟಿ ಮುಚ್ಚುವುದರೊಳಗೆ, ಉದ್ದದ ಹಿಂದಿ ವಾಕ್ಯವನ್ನು ತುರುಕಬೇಕಾಗುತ್ತದೆ; ದನಿ ಕೊಡುವವರು ಸಹಜವಾಗಿಯೇ ಓಡಿಸುತ್ತಾರೆ. ಹೊಡೆದಾಟದ ನಡುವಿನ ಮಾತಿಗೆ ಇದು ತೊಂದರೆಯಲ್ಲ. ವಿವರಣೆಯ ಭಾಗದಲ್ಲಿ ಮಾರ್ಫಿಯಸ್ ಬೇಕೆಂದೇ ತಡೆದು ತಡೆದು ಮಾತಾಡುತ್ತಾನೆ, ಹೊಸ ಸಂಗತಿಯೊಂದನ್ನು ನುಂಗಲು ಸಮಯ ಕೊಡುತ್ತಾನೆ. ಡಬ್ ಆ ಬಿಡುವನ್ನು ತಿಂದುಹಾಕಿದರೆ ಅರ್ಥವೂ ಜೊತೆಗೇ ಹೋಗುತ್ತದೆ.

ದಖನಿ ಮನೆಮಾತಿನವರಿಗೆ ಹಿಂದಿ ಡಬ್ ಹೆಚ್ಚು ಒಗ್ಗುತ್ತದೆ, ಆದರೆ ಅಲ್ಲೂ ಒಂದು ಎಡವು ಇದೆ. ವೈಜ್ಞಾನಿಕ ಸಿನಿಮಾಗಳ ಡಬ್ಬಿಂಗಿನಲ್ಲಿ ಸಂಸ್ಕೃತದ ಭಾರಿ ಪದಗಳು ನುಗ್ಗಿದಾಗ, ಆಡುಮಾತಿನಲ್ಲಿ ಇಂಗ್ಲಿಷ್ ಪದವನ್ನೇ ಬಳಸುವವರು ತಡವರಿಸುತ್ತಾರೆ. ಅಂಥ ಕಡೆ ವಿಚಿತ್ರವೆಂದರೆ ಕನ್ನಡ ಮಾಧ್ಯಮದಲ್ಲಿ ಓದಿದವರಿಗೆ ಆ ಸಂಸ್ಕೃತ ಪದಗಳೇ ಬೇಗ ಹತ್ತುತ್ತವೆ.

ಹಿಂದಿಗೆ ಇರುವ ಒಂದು ಲಾಭವನ್ನು ಯಾರೂ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ: ಕಣ್ಣು ಬಿಡುವಾಗಿರುತ್ತದೆ. ಈ ಸಿನಿಮಾದಲ್ಲಿ ಸುಳ್ಳು ಲೋಕ, ನಿಜ ಲೋಕ ಯಾವುದೆಂಬ ಸುಳಿವನ್ನು ಬಣ್ಣದಲ್ಲಿ, ಬಟ್ಟೆಯಲ್ಲಿ, ಕನ್ನಡಿಯಲ್ಲಿ ಇಟ್ಟಿದ್ದಾರೆ. ಹಡಗಿನಲ್ಲಿ ಎಲ್ಲರೂ ತೂತು ಬಿದ್ದ ಹಳೆ ಸ್ವೆಟರ್ ತೊಟ್ಟಿರುತ್ತಾರೆ. ಒಳಗೆ ಹೋದ ಕೂಡಲೇ ಇಸ್ತ್ರಿ ಮುರಿಯದ ಕೋಟು. ಅಡಿಬರಹ (ಸಬ್‌ಟೈಟಲ್) ಓದುತ್ತಾ ಕೂತವರಿಗೆ ಇವು ತಪ್ಪುತ್ತವೆ.

ನಷ್ಟದ ಪಟ್ಟಿಯಲ್ಲಿ ಮೊದಲ ಹೆಸರು ಏಜೆಂಟ್ ಸ್ಮಿತ್. ಹ್ಯೂಗೋ ವೀವಿಂಗ್ ಆ ಪಾತ್ರದ ಮಾತನ್ನು ಅಳೆದು, ಎಳೆದು, ಒಂದೊಂದು ಅಕ್ಷರವನ್ನೂ ಬಿಡಿಸಿ ಇಡುತ್ತಾರೆ. ಇವನು ಮನುಷ್ಯನಲ್ಲ, ಪ್ರೋಗ್ರಾಂ ಎಂದು ನಮಗೆ ಮೊದಲು ತಿಳಿಯುವುದು ಆ ದನಿಯಿಂದಲೇ. ಡಬ್ಬಿನಲ್ಲಿ ಅದು ಸಾಮಾನ್ಯ ಖಳನಾಯಕನ ಗಡಸು ದನಿಯಾದರೆ ಪಾತ್ರದ ಅರ್ಧ ಹೋಯಿತು. ಡಬ್ ಕೈಗೆ ಸಿಕ್ಕಾಗ ಅವನು ನಿಯೋನನ್ನು ಮೇಜಿನ ಎದುರು ಕೂರಿಸಿ ವಿಚಾರಿಸುವ ಆರಂಭದ ದೃಶ್ಯವನ್ನು ಒಮ್ಮೆ ಕೇಳಿ; ಉಳಿದ ಡಬ್ಬಿನ ಗುಣಮಟ್ಟ ಅಲ್ಲೇ ಗೊತ್ತಾಗುತ್ತದೆ.

ಎರಡನೆಯದು ಪರದೆಯ ಮೇಲಿನ ಬರಹ. ಆರಂಭದಲ್ಲಿ ನಿಯೋನ ಕಂಪ್ಯೂಟರ್ ತಾನಾಗಿಯೇ ಅವನಿಗೆ ಸಂದೇಶ ಟೈಪ್ ಮಾಡುತ್ತದೆ, ಬಿಳಿ ಮೊಲವನ್ನು ಹಿಂಬಾಲಿಸು ಎನ್ನುತ್ತದೆ. ಆಡಿಯೊ ಬದಲಿಸಿದ ಮಾತ್ರಕ್ಕೆ ಈ ಅಕ್ಷರಗಳು ಬದಲಾಗುವುದಿಲ್ಲ. ಬರಹಗಳಿಗಷ್ಟೇ ಮೂಡುವ ಅಡಿಬರಹ ಕೆಲವು ಪ್ರತಿಗಳಲ್ಲಿ ಇರುತ್ತದೆ, ಕೆಲವದರಲ್ಲಿ ಇರುವುದಿಲ್ಲ. ಇಲ್ಲದಿದ್ದರೆ ಒಬ್ಬರು ಗಟ್ಟಿಯಾಗಿ ಓದಿಬಿಡುವುದೇ ಸರಿ. ಮೊಲ ಯಾವುದು ಎಂದು ಮಕ್ಕಳು ಕೇಳಿದರೆ, ನಾ. ಕಸ್ತೂರಿಯವರು ‘ಪಾತಾಳದಲ್ಲಿ ಪಾಪಚ್ಚಿ’ ಎಂದು ಕನ್ನಡಕ್ಕೆ ತಂದ ಆಲಿಸಳ ಕತೆಯ ಮೊಲವೇ ಇದು.

ಇನ್ನೊಂದು ಮಾತು, ಹಿಂದಿ ದನಿ ಇಟ್ಟುಕೊಂಡು ಇಂಗ್ಲಿಷ್ ಅಡಿಬರಹ ಹಾಕುವವರಿಗೆ. ಇದು ಎರಡೂ ಸಿಕ್ಕಂತೆ ಕಾಣುತ್ತದೆ. ವಾಸ್ತವದಲ್ಲಿ ಎರಡೂ ಕೈತಪ್ಪುತ್ತವೆ. ಆ ಅಡಿಬರಹ ಮೂಲ ಇಂಗ್ಲಿಷ್ ಮಾತಿನದು. ಡಬ್ಬಿನಲ್ಲಿ ವಾಕ್ಯವನ್ನು ತಿರುಗಿಸಿ, ಮೊಟಕಿಸಿ, ತುಟಿಗೆ ಹೊಂದಿಸಿರುತ್ತಾರೆ. ಕಣ್ಣು ಒಂದು ಓದುತ್ತದೆ, ಕಿವಿ ಇನ್ನೊಂದು ಕೇಳುತ್ತದೆ, ತಲೆ ಎರಡನ್ನೂ ತಾಳೆ ನೋಡುತ್ತಾ ಕೂರುತ್ತದೆ. ಒಂದನ್ನು ಬಿಡಿ.

ಇಂಗ್ಲಿಷ್ ಮೂಲ, ಇಂಗ್ಲಿಷ್ ಅಡಿಬರಹ

ಪಿಯುಸಿ ವಿಜ್ಞಾನ, ಡಿಪ್ಲೊಮಾ, ಡಿಗ್ರಿ ಹುಡುಗರ ಗುಂಪಿಗೆ ನಮ್ಮ ಶಿಫಾರಸು ಇದೇ. ಕಾಲೇಜಿನಲ್ಲಿ ಇಂಗ್ಲಿಷ್ ಪುಸ್ತಕ ಓದಿ ಪರೀಕ್ಷೆ ಬರೆಯುವವರು ಕಿವಿಯಲ್ಲಿ ಹಿಡಿಯಲಾಗದ್ದನ್ನು ಕಣ್ಣಲ್ಲಿ ಹಿಡಿಯುತ್ತಾರೆ, ಮತ್ತು ವಿವರಣೆಯ ಭಾಗದ ಇಂಗ್ಲಿಷ್ ಅಷ್ಟೇನೂ ಕಷ್ಟದ್ದಲ್ಲ. ವಾಕ್ಯಗಳು ಚಿಕ್ಕವು, ನಡುವೆ ಬಿಡುವು ಇದೆ. ಕಷ್ಟವಾಗುವುದು ಆಮೇಲೆ ಬರುವ ಒರಾಕಲ್ ಎಂಬ ಅಜ್ಜಿಯ ಅಡುಗೆಮನೆಯ ದೃಶ್ಯ. ಅಲ್ಲಿ ಮಾತು ಆಟದ ಧಾಟಿಯಲ್ಲಿದೆ, ಹೇಳಿದ್ದಕ್ಕಿಂತ ಹೇಳದೆ ಬಿಟ್ಟದ್ದು ಮುಖ್ಯ. ಅಲ್ಲೊಮ್ಮೆ ನಿಲ್ಲಿಸಿ ಮಾತಾಡಿಕೊಂಡರೆ ತಪ್ಪಿಲ್ಲ.

ಅಡಿಬರಹ ಸಾಮಾನ್ಯವಾಗಿ ಒಮ್ಮೆಗೆ ಎರಡು ಸಾಲು, ಸಾಲಿಗೆ ಸುಮಾರು 40 ಅಕ್ಷರ ಮೀರದಂತೆ ಇರುತ್ತದೆ. ಮನೆಯ 32 ಇಂಚಿನ ಟಿವಿಯಲ್ಲಿ ಹತ್ತಡಿ ದೂರ ಕೂತು ಇದನ್ನು ಓದುವುದು ವಯಸ್ಸಾದವರಿಗೆ ಶಿಕ್ಷೆ. ಸೆಟ್ಟಿಂಗ್‌ನಲ್ಲಿ ಅಕ್ಷರದ ಗಾತ್ರವನ್ನು ದೊಡ್ಡದು ಮಾಡಿ, ಬಣ್ಣ ಬಿಳಿಯ ಬದಲು ತಿಳಿ ಹಳದಿ ಇಡಿ. ಆ ಬಿಳಿ ಖಾಲಿ ಜಾಗದ ದೃಶ್ಯದಲ್ಲಿ ಅಂಚು ಕಟ್ಟದ ಬಿಳಿ ಅಕ್ಷರ ಮಾಯವಾಗುತ್ತದೆ, ಅದೂ ಸರಿಯಾಗಿ ಬೇಕಾದ ಹೊತ್ತಿನಲ್ಲಿ.

ತೆಲುಗು, ತಮಿಳು

ಮನೆಮಾತು ತೆಲುಗು ಆಗಿದ್ದು ಹಿಂದಿ ಶಾಲೆಯಲ್ಲಿ ಕಲಿತದ್ದಾಗಿದ್ದರೆ, ತೆಲುಗು ದನಿ ಸಿಕ್ಕಲ್ಲಿ ಹಿಂದಿಯ ಕಡೆ ನೋಡುವ ಅಗತ್ಯವೇ ಇಲ್ಲ. ಕೆಜಿಎಫ್‌ನವರಿಗೆ ತಮಿಳಿನ ವಿಷಯದಲ್ಲೂ ಇದೇ ಮಾತು. ಸಿಗುತ್ತದೆಯೇ ಎಂಬುದು ಮಾತ್ರ ತಿಂಗಳಿಂದ ತಿಂಗಳಿಗೆ ಬದಲಾಗುತ್ತದೆ, ಏಕೆಂದರೆ ಸಿನಿಮಾದ ಹಕ್ಕು ಒಂದು ಒಟಿಟಿಯಿಂದ ಇನ್ನೊಂದಕ್ಕೆ ಹೋಗುವಾಗ ಎಲ್ಲ ಭಾಷೆಯ ದನಿಯೂ ಜೊತೆಗೆ ಹೋಗಬೇಕೆಂದಿಲ್ಲ. ಬಾಡಿಗೆಗೆ ಹಣ ಕಟ್ಟುವ ಮುಂಚೆ ಸಿನಿಮಾದ ವಿವರ ಪುಟದಲ್ಲಿ ‘ಆಡಿಯೊ’ ಎಂದಿರುವ ಸಾಲನ್ನು ನೋಡಿ. ಟ್ರೇಲರ್ ತೆಲುಗಿನಲ್ಲಿದ್ದರೆ ಸಿನಿಮಾವೂ ಇದೆ ಎಂದುಕೊಳ್ಳಬೇಡಿ. ಕೆಲವು ಒಟಿಟಿಗಳಲ್ಲಿ ಖಾತೆಯ ಭಾಷೆಗೆ ತಕ್ಕಂತೆ ಕೆಲವೇ ಭಾಷೆಗಳು ಕಾಣಿಸಿಕೊಳ್ಳುತ್ತವೆ; ಪ್ರೊಫೈಲಿನ ಭಾಷೆ ಬದಲಿಸಿದರೆ ಅಡಗಿದ್ದದ್ದು ಹೊರಬರುವುದುಂಟು. ಫೋನಿಗೆ ಡೌನ್‌ಲೋಡ್ ಮಾಡಿಟ್ಟುಕೊಂಡಾಗ ಆಗ ಆರಿಸಿದ್ದ ಭಾಷೆಯ ದನಿ ಮಾತ್ರ ಬಂದಿರುವುದೂ ಉಂಟು. ನೆಟ್ ಇಲ್ಲದ ಹಳ್ಳಿಗೆ ಹೊರಡುವ ಮೊದಲು ಏರೋಪ್ಲೇನ್ ಮೋಡ್ ಹಾಕಿ ಒಮ್ಮೆ ಓಡಿಸಿ ನೋಡಿ.

ಮಿಶ್ರ ಗುಂಪು, ಅಂದರೆ ಇಬ್ಬರು ತೆಲುಗು, ಇಬ್ಬರು ಬಿಹಾರದವರು, ಒಬ್ಬ ಮಂಡ್ಯದವನು ಇರುವ ಪಿಜಿ ಕೋಣೆಗೆ ಇಂಗ್ಲಿಷ್ ದನಿ, ದೊಡ್ಡ ಅಡಿಬರಹವೇ ಎಲ್ಲರಿಗೂ ಸಮಾನ ಕಷ್ಟ ಕೊಡುವ ದಾರಿ. ಹಿಂದಿ ಹಾಕಿದರೆ ಇಬ್ಬರು ಮಾತ್ರ ನಗುತ್ತಿರುತ್ತಾರೆ.

ಕನ್ನಡ ಅಡಿಬರಹ ನೀವೇ ಮಾಡುವುದಾದರೆ

ಶಿಕ್ಷಕರು, ಗ್ರಂಥಾಲಯದವರು ಆಗಾಗ ಕೈಹಾಕುವ ಕೆಲಸ ಇದು. ಇಡೀ ಸಿನಿಮಾಕ್ಕೆ ಮಾಡಲು ಹೊರಟರೆ ಅರ್ಧದಲ್ಲಿ ಬಿಡುತ್ತೀರಿ. ವಿವರಣೆಯ ಭಾಗ, ಒರಾಕಲ್ ದೃಶ್ಯ, ಸ್ಮಿತ್ ಮಾರ್ಫಿಯಸ್‌ನನ್ನು ಕಟ್ಟಿಹಾಕಿ ಆಡುವ ಮಾತು, ಈ ಮೂರಕ್ಕೆ ಸಾಕು. ನಿಮ್ಮ ತರಗತಿಗಾಗಿ ಮಾಡಿಕೊಂಡದ್ದನ್ನು ಎಲ್ಲೆಂದರಲ್ಲಿ ಹರಡಲು ಹೋಗಬೇಡಿ. ಸಂಭಾಷಣೆಯ ಅನುವಾದದ ಹಕ್ಕೂ ಚಿತ್ರದ ಹಕ್ಕುದಾರರದ್ದೇ.

ಕೆಡುವುದು ಎಲ್ಲಿ ಎಂದರೆ ಅಕ್ಷರದಲ್ಲಿ. ನುಡಿ, ಬರಹದ ಹಳೆಯ ಫಾಂಟಿನಲ್ಲಿ ಟೈಪ್ ಮಾಡಿದ್ದು ಪ್ಲೇಯರಿನಲ್ಲಿ ಅರ್ಥವಿಲ್ಲದ ಇಂಗ್ಲಿಷ್ ಗುರುತುಗಳಾಗಿ ಕಾಣುತ್ತದೆ. ಯೂನಿಕೋಡ್‌ಗೆ ಪರಿವರ್ತಿಸಿ, ನೋಟ್‌ಪ್ಯಾಡಿನಲ್ಲಿ ಉಳಿಸುವಾಗ ‘ಯುಟಿಎಫ್-8’ ಆರಿಸಿ, ಕಡತದ ಹೆಸರಿನ ಕೊನೆಗೆ ‘.ಎಸ್‌ಆರ್‌ಟಿ’ ಇಡಿ. ವಿಎಲ್‌ಸಿ ಪ್ಲೇಯರಿನಲ್ಲಿ ಅಡಿಬರಹದ ಫಾಂಟನ್ನು ‘ನೋಟೊ ಸಾನ್ಸ್ ಕನ್ನಡ’ ಅಥವಾ ವಿಂಡೋಸ್‌ನ ‘ತುಂಗಾ’ಕ್ಕೆ ಬದಲಿಸಿದರೆ ಚೌಕಡಬ್ಬಿಗಳು ಹೋಗುತ್ತವೆ. ಟಿವಿಗೆ ಪೆನ್‌ಡ್ರೈವ್ ಚುಚ್ಚಿ ಓಡಿಸಿದರೆ ಹಳೆಯ ಟಿವಿಗಳು ಒತ್ತಕ್ಷರವನ್ನು ಕೆಳಗೆ ಕೂರಿಸಲು ಬಾರದೆ ಪಕ್ಕದಲ್ಲಿ ಬಿಡಿಸಿ ಇಡುತ್ತವೆ. ಅಂಥಲ್ಲಿ ಲ್ಯಾಪ್‌ಟಾಪನ್ನು ಎಚ್‌ಡಿಎಂಐ ತಂತಿಯಲ್ಲಿ ಟಿವಿಗೆ ಸೇರಿಸುವುದೇ ಉಪಾಯ. ಕನ್ನಡದ ಸಾಲಿಗೆ ಮೇಲೂ ಕೆಳಗೂ ಜಾಗ ಬೇಕು, ಎರಡು ಸಾಲು ಒತ್ತಾಗಿ ಬಂದರೆ ಮೇಲಿನ ಸಾಲಿನ ಒತ್ತು ಕೆಳಗಿನ ಸಾಲಿನ ತಲೆಕಟ್ಟಿಗೆ ತಾಗುತ್ತದೆ. ಒಂದೊಂದೇ ಸಾಲು ಇಡಿ, ಕನಿಷ್ಠ ಎರಡು ಸೆಕೆಂಡು ನಿಲ್ಲಿಸಿ.

ಇಷ್ಟೂ ಆಗದವರು ಒಂದು ಪುಟದ ಟಿಪ್ಪಣಿ ಬರೆದು ಝೆರಾಕ್ಸ್ ಮಾಡಿ ಮೊದಲೇ ಹಂಚಿ: ಮ್ಯಾಟ್ರಿಕ್ಸ್ ಎಂದರೇನು, ಒಳಗೆ ಸತ್ತರೆ ಹೊರಗೂ ಯಾಕೆ ಸಾಯುತ್ತಾರೆ, ಹೊರಬರಲು ತಂತಿಯ ಫೋನೇ ಯಾಕೆ ಬೇಕು. ಕೊನೆಯದನ್ನು ಈಗಿನ ಮಕ್ಕಳಿಗೆ ಹೇಳಲೇಬೇಕು. ಲ್ಯಾಂಡ್‌ಲೈನ್ ಕಂಡಿರದವರಿಗೆ ಫೋನ್ ಬೂತಿನ ಕಡೆ ಆ ಓಟ ಯಾಕೆಂದೇ ಗೊತ್ತಾಗುವುದಿಲ್ಲ.

ಟಿಪ್ಪಣಿಯಲ್ಲಿ ‘ಇದು ನಮ್ಮ ಮಾಯಾವಾದವೇ’ ಎಂದು ಬರೆಯುವ ಆಸೆ ಬರುತ್ತದೆ, ಬರೆಯಬೇಡಿ. ಅದ್ವೈತದ ಮಾಯೆಯನ್ನು ಯಾವುದೋ ಯಂತ್ರ ತನ್ನ ಲಾಭಕ್ಕೆ ಕೂತು ನಡೆಸುವುದಿಲ್ಲ, ಅದರ ಆಚೆಗೆ ಇನ್ನೊಂದು ಪಾಳುಬಿದ್ದ ಊರೂ ಇಲ್ಲ. ಇಲ್ಲಿರುವುದು ಮೋಸ ಮಾಡುವವನೊಬ್ಬ ಇದ್ದಾನೆ ಎಂಬ, ಫ್ರೆಂಚ್ ತತ್ವಜ್ಞಾನಿ ಡೆಕಾರ್ಟನ ಅನುಮಾನಕ್ಕೆ ಹತ್ತಿರದ್ದು.

ಡಬ್ ಕೆಟ್ಟದ್ದೆಂದು ಬೈಯುವ ಮೊದಲು

ತುಟಿಗೂ ಮಾತಿಗೂ ತಾಳೆ ಇಲ್ಲ ಎಂಬ ದೂರಿನಲ್ಲಿ ಎಷ್ಟೋ ಸಲ ಡಬ್ಬಿಂಗಿನ ತಪ್ಪೇ ಇರುವುದಿಲ್ಲ. ಬ್ಲೂಟೂತ್ ಸ್ಪೀಕರ್ ದನಿಯನ್ನು ಒಂದರಿಂದ ಮೂರು ಹತ್ತಾಂಶ ಸೆಕೆಂಡು ತಡಮಾಡಬಲ್ಲದು, ಆಗ ಮೂಲ ಇಂಗ್ಲಿಷ್ ಕೂಡ ಕಳಪೆ ಡಬ್ಬಿನಂತೆ ಕಾಣುತ್ತದೆ. ತಂತಿ ಹಾಕಿ ನೋಡಿ. ಆಗಲೂ ತಪ್ಪಿದ್ದರೆ ವಿಎಲ್‌ಸಿಯಲ್ಲಿ ‘ಜೆ’, ‘ಕೆ’ ಕೀಲಿಗಳು ದನಿಯನ್ನು 50 ಮಿಲಿಸೆಕೆಂಡಿನಂತೆ ಹಿಂದೆ ಮುಂದೆ ಸರಿಸುತ್ತವೆ. ‘ಜಿ’, ‘ಎಚ್’ ಅಡಿಬರಹವನ್ನು ಸರಿಸುತ್ತವೆ. ‘ಬಿ’ ಒತ್ತಿದರೆ ಮುಂದಿನ ಭಾಷೆಯ ದನಿ.

ಸರಿಸಿದರೂ ಮತ್ತೆ ಮತ್ತೆ ತಪ್ಪುತ್ತಿದ್ದರೆ ಕಾರಣ ಬೇರೆ. ಆರಂಭದಲ್ಲೂ ಕೊನೆಯಲ್ಲೂ ಅಂತರ ಒಂದೇ ಇದ್ದರೆ ಅದು ಬರೀ ತಡ; ಹೋಗ್ತಾ ಹೋಗ್ತಾ ಹೆಚ್ಚಾದರೆ ವೇಗದ ವ್ಯತ್ಯಾಸ. ಸಿನಿಮಾ ಸೆಕೆಂಡಿಗೆ ಹೆಚ್ಚೂಕಡಿಮೆ 24 ಚೌಕಟ್ಟಿನಲ್ಲಿ ಓಡುತ್ತದೆ, ನಮ್ಮ ಟಿವಿ ಪ್ರಸಾರ ಮತ್ತು ಹಳೆಯ ಡಿವಿಡಿಗಳ ಪಾಲ್ ಪದ್ಧತಿ 25ರಲ್ಲಿ. ಅಲ್ಲಿ 136 ನಿಮಿಷ ಸುಮಾರು 130 ನಿಮಿಷ 25 ಸೆಕೆಂಡಿಗೆ ಇಳಿಯುತ್ತದೆ, ದನಿಯೂ ತುಸು ಕೀಚಲಾಗುತ್ತದೆ. ಅಂಥ ಪ್ರತಿಗೆ 24ರ ಲೆಕ್ಕದ ಅಡಿಬರಹ ಹಾಕಿದರೆ ಒಂದು ಗಂಟೆ ಕಳೆಯುವ ಹೊತ್ತಿಗೆ ಎರಡೂವರೆ ನಿಮಿಷದ ಅಂತರ. ಕೀಲಿ ಒತ್ತಿ ಇದನ್ನು ಸರಿಪಡಿಸಲಾಗದು. ‘ಸಬ್‌ಟೈಟಲ್ ಎಡಿಟ್’ ಎಂಬ ಉಚಿತ ತಂತ್ರಾಂಶದಲ್ಲಿ ಫ್ರೇಮ್ ರೇಟನ್ನು 23.976ರಿಂದ 25ಕ್ಕೆ ಬದಲಿಸಿ ಉಳಿಸಿದರೆ ಮೊದಲಿಂದ ಕೊನೆವರೆಗೂ ಕೂರುತ್ತದೆ.

ಮಾತು ಪಿಸುಗುಟ್ಟಿ, ಗುಂಡಿನ ಸದ್ದು ಕಿವಿ ಹರಿಯುತ್ತಿದ್ದರೆ ಅದು 5.1 ದನಿಯನ್ನು ಎರಡೇ ಸ್ಪೀಕರಿಗೆ ಇಳಿಸಿದ್ದರ ಫಲ. ಆರು ದಾರಿಯ ದನಿಯಲ್ಲಿ ಮಾತಿಗೆಂದೇ ನಡುವಿನ ಸ್ಪೀಕರ್ ಇರುತ್ತದೆ. ಅದು ಇಲ್ಲದ ಕಡೆ ಮಾತು ಹಿಂದೆ ಸರಿಯುತ್ತದೆ. ಪಟ್ಟಿಯಲ್ಲಿ ‘ಸ್ಟೀರಿಯೊ’ ಎಂಬ ಆಯ್ಕೆ ಇದ್ದರೆ ಅದನ್ನೇ ಹಾಕಿ, ಇಲ್ಲದಿದ್ದರೆ ಟಿವಿಯ ‘ನೈಟ್ ಮೋಡ್’ ಅಥವಾ ‘ಕ್ಲಿಯರ್ ವಾಯ್ಸ್’ ಬಳಸಿ. ಚಿತ್ರ ಬಂದು ದನಿಯೇ ಬಾರದಿದ್ದರೆ ಆ ಪ್ರತಿಯ ದನಿ ‘ಡಿಟಿಎಸ್’ ಮಾದರಿಯದ್ದೋ ನೋಡಿ. ಅದನ್ನು ಓದಲು ಬಾರದ ಟಿವಿಗಳು ಬಹಳ.

ವಾಟ್ಸಾಪ್, ಟೆಲಿಗ್ರಾಂನಲ್ಲಿ ‘ಹಿಂದಿ ಡಬ್ಡ್ ಫುಲ್ ಎಚ್‌ಡಿ 300 ಎಂಬಿ’ ಎಂದು ಹರಿದಾಡುವುದರ ಬಗ್ಗೆ ಕಾನೂನು ಬದಿಗಿಟ್ಟು ಬರೀ ಲೆಕ್ಕ ನೋಡಿದರೂ ಸಾಕು. 136 ನಿಮಿಷಕ್ಕೆ 300 ಎಂಬಿ ಎಂದರೆ ಸೆಕೆಂಡಿಗೆ 0.3 ಮೆಗಾಬಿಟ್. ಪೂರ್ಣ ಎಚ್‌ಡಿ ಚಿತ್ರಕ್ಕೆ ಸೆಕೆಂಡಿಗೆ 4 ಮೆಗಾಬಿಟ್ ಇಟ್ಟರೆ 4 ಜಿಬಿ ಬೇಕು. ಅರ್ಧಕ್ಕರ್ಧ ಕತ್ತಲಲ್ಲೇ ನಡೆಯುವ ಈ ಸಿನಿಮಾ 300 ಎಂಬಿಯಲ್ಲಿ ಕಪ್ಪು ಚೌಕಗಳ ರಾಶಿಯಾಗುತ್ತದೆ. ಅಲ್ಲಿನ ‘ಡಬ್’ ಕೂಡ ಯಾರೋ ಒಬ್ಬರೇ ಎಲ್ಲ ಪಾತ್ರಕ್ಕೂ ಓದಿದ್ದಾಗಿರಬಹುದು. ತೆರೆಯುವ ಕಡತದ ಕೊನೆಗೆ ‘.ಎಕ್ಸ್‌ಇ’ ಅಥವಾ ‘.ಎಪಿಕೆ’ ಇದ್ದರೆ ಅದು ಸಿನಿಮಾವೇ ಅಲ್ಲ, ಮುಟ್ಟಬೇಡಿ.

ಹಸಿರು ಬಣ್ಣ ದೋಷವಲ್ಲ

ಮ್ಯಾಟ್ರಿಕ್ಸಿನೊಳಗಿನ ದೃಶ್ಯಗಳು ಹಸಿರು ಬಾಟಲಿಯ ಗಾಜಿನಿಂದ ನೋಡಿದಂತೆ ಇರುತ್ತವೆ, ಹಡಗಿನವು ನೀಲಿ ಛಾಯೆಯವು. ಯಾವ ಲೋಕದಲ್ಲಿದ್ದೇವೆ ಎಂದು ಮಾತಿಲ್ಲದೆ ಹೇಳುವುದು ಈ ಬಣ್ಣವೇ, ಆದ್ದರಿಂದ ಭಾಷೆ ಕಡಿಮೆ ಬಲ್ಲವರಿಗೆ ಇದು ದೊಡ್ಡ ಊರುಗೋಲು. ಟಿವಿಯ ‘ವಿವಿಡ್’, ‘ಡೈನಮಿಕ್’ ಮೋಡ್‌ಗಳು ಈ ಛಾಯೆಯನ್ನು ಕಲಸಿಹಾಕುತ್ತವೆ. ‘ಸಿನಿಮಾ’ ಅಥವಾ ‘ಫಿಲ್ಮ್‌ಮೇಕರ್’ ಮೋಡಿಗೆ ತನ್ನಿ, ಚಲನೆಯನ್ನು ನುಣುಪು ಮಾಡುವ ಆಯ್ಕೆಯನ್ನು ಆಫ್ ಮಾಡಿಬಿಡಿ. ಮೊದಲ ಬಿಡುಗಡೆಗಿಂತ ಆಮೇಲಿನ ಡಿಸ್ಕ್‌ಗಳಲ್ಲಿ ಹಸಿರು ಏರಿತ್ತು, 2018ರ 4ಕೆ ಪ್ರತಿಯಲ್ಲಿ ತಗ್ಗಿತು. ಹಾಗಾಗಿ ಎರಡು ಪ್ರತಿ ಬೇರೆ ಬೇರೆ ಕಂಡರೆ ಟಿವಿ ಮೆಕ್ಯಾನಿಕ್‌ನನ್ನು ಕರೆಯಬೇಡಿ. ಮೇಲೆ ಕೆಳಗೆ ಬರುವ ಕಪ್ಪು ಪಟ್ಟಿಯನ್ನೂ ‘ಝೂಮ್’ ಮಾಡಿ ತೆಗೆಯಬೇಡಿ. ಚಿತ್ರದ ಅಗಲ ಎತ್ತರದ 2.39 ಪಟ್ಟು, ಹಿಗ್ಗಿಸಿದರೆ ಎರಡೂ ಬದಿಯ ನಟರು ಹೋಗುತ್ತಾರೆ.

ಈ ಸಿನಿಮಾವೇ ಬೇಕೆ?

ಹಿಂದಿಯೋ ಇಂಗ್ಲಿಷೋ ಎಂದು ತಲೆ ಕೆಡಿಸಿಕೊಳ್ಳುವ ಬದಲು ಸಿನಿಮಾವನ್ನೇ ಬದಲಿಸುವುದು ಒಮ್ಮೊಮ್ಮೆ ಒಳ್ಳೆಯದು. ಭಾಷೆಯ ಬಲ ಕಡಿಮೆ ಇರುವ ಗುಂಪಿಗೆ ನಮ್ಮ ಮೊದಲ ಆಯ್ಕೆ ‘ಸೋರ್ಸ್ ಕೋಡ್’ (2011, 93 ನಿಮಿಷ). ಶಿಕಾಗೊ ಕಡೆ ಹೊರಟ ರೈಲಿನ ಕೊನೆಯ ಎಂಟು ನಿಮಿಷವನ್ನು ನಾಯಕ ಮತ್ತೆ ಮತ್ತೆ ಬದುಕುತ್ತಾನೆ. ಮೊದಲ ಸಲ ತಪ್ಪಿದ ಮಾತು ಎರಡನೆಯ, ಮೂರನೆಯ ಸುತ್ತಿನಲ್ಲಿ ತಾನಾಗಿ ಸಿಗುತ್ತದೆ. ಡಬ್ ಸಾಧಾರಣವಾಗಿದ್ದರೂ ಸಿನಿಮಾ ತಡೆದುಕೊಳ್ಳುತ್ತದೆ.

‘ಫ್ರೀ ಗೈ’ (2021, 115 ನಿಮಿಷ) ಮೊಬೈಲ್ ಗೇಮ್ ಆಡುವ ಹುಡುಗರಿಗೆ ವಿವರಣೆಯೇ ಬೇಡದ್ದು; ಗೇಮಿನೊಳಗಿನ ಲೆಕ್ಕಕ್ಕಿಲ್ಲದ ಪಾತ್ರವೊಂದಕ್ಕೆ ಎಚ್ಚರವಾಗುವ ತಮಾಷೆಯ ಕತೆ, ಹಿಂದಿಯಲ್ಲಿ ಸಿಕ್ಕರೆ ಹಿಂದಿಯಲ್ಲೇ ನೋಡಬಹುದು. ಹೈಸ್ಕೂಲ್ ಮಕ್ಕಳಿಗಾದರೆ ‘ದಿ ಟ್ರೂಮನ್ ಶೋ’ (1998, 103 ನಿಮಿಷ). ಅದರಲ್ಲಿ ಕಂಪ್ಯೂಟರ್ ಇಲ್ಲ, ಊರೇ ಒಂದು ಸೆಟ್. ‘ದಿ ಮ್ಯಾಟ್ರಿಕ್ಸ್’ಗೆ ಅಮೆರಿಕದಲ್ಲಿ ಕೊಟ್ಟದ್ದು ‘ಆರ್’ ದರ್ಜೆ, ಅಂದರೆ 17ರ ಒಳಗಿನವರ ಜೊತೆ ದೊಡ್ಡವರು ಇರಬೇಕು. ಬಂದೂಕು ಬಹಳ, ಮಕ್ಕಳ ಗುಂಪಿಗೆ ಬೇಡ.

‘ದಿ ಥರ್ಟೀನ್ತ್ ಫ್ಲೋರ್’ (1999, 100 ನಿಮಿಷ) ಮಾತ್ರ ಡಬ್ಬಿನಲ್ಲಿ ನೋಡಲೇಬೇಡಿ. 1937ರ ಲಾಸ್ ಏಂಜಲೀಸನ್ನು ಕಂಪ್ಯೂಟರಿನೊಳಗೆ ಕಟ್ಟಿರುವ ಕೊಲೆಯ ಕತೆ. ಒಬ್ಬೊಬ್ಬ ನಟರೂ ಬೇರೆ ಬೇರೆ ಲೋಕದಲ್ಲಿ ಬೇರೆ ಬೇರೆ ಮನುಷ್ಯರು. ಅದೇ ಮುಖದೊಳಗೆ ಈಗ ಯಾರಿದ್ದಾರೆ ಎಂಬುದು ದನಿಯ ಏರಿಳಿತದಿಂದ ತಿಳಿಯಬೇಕು. ದನಿ ಕೊಟ್ಟವರು ಎಲ್ಲಕ್ಕೂ ಒಂದೇ ಧಾಟಿ ಹಿಡಿದರೆ ಕತೆಯ ಗಂಟು ಬಿಚ್ಚುವುದೇ ಇಲ್ಲ. ‘ಡಾರ್ಕ್ ಸಿಟಿ’ಯಲ್ಲಿ (1998) ಆರಿಸಬೇಕಾದ್ದು ಭಾಷೆಗಿಂತ ಪ್ರತಿ: ಥಿಯೇಟರ್ ಪ್ರತಿ ಆರಂಭದ ಹಿನ್ನೆಲೆ ಮಾತಿನಲ್ಲೇ ಗುಟ್ಟು ಹೇಳಿಬಿಡುತ್ತದೆ, 111 ನಿಮಿಷದ ನಿರ್ದೇಶಕರ ಪ್ರತಿಯಲ್ಲಿ ಆ ಮಾತು ಇಲ್ಲ. ಅದರ ಕೆಲವು ಸೆಟ್‌ಗಳನ್ನೇ ಸಿಡ್ನಿಯಲ್ಲಿ ‘ದಿ ಮ್ಯಾಟ್ರಿಕ್ಸ್’ಗೂ ಬಳಸಿದರು. ‘ಇನ್‌ಸೆಪ್ಶನ್’ (2010, 148 ನಿಮಿಷ) ಕನಸಿನ ಕತೆ, ನಿಯಮಗಳು ಒಂದರ ಮೇಲೊಂದು. ಹೊರಗಿನ ಐದು ನಿಮಿಷ ಕನಸಿನಲ್ಲಿ ಒಂದು ಗಂಟೆ ಎಂಬ ಲೆಕ್ಕ ತಪ್ಪಿದರೆ ಕೊನೆಯ ಒಂದು ಗಂಟೆ ಪೂರ್ತಿ ಗೋಜಲು. ಇದಕ್ಕೂ ಮೂಲ, ಅಡಿಬರಹ.

ಕನ್ನಡದಲ್ಲೇ ಕೇಳಿಸಿಕೊಳ್ಳಬೇಕೆಂದರೆ ಪವನ್ ಕುಮಾರರ ‘ಲೂಸಿಯಾ’ (2013) ಇದೆ. ಪ್ರೇಕ್ಷಕರಿಂದಲೇ ಹಣ ಕೂಡಿಸಿ ಮಾಡಿದ ಸಿನಿಮಾ. ಮಾತ್ರೆ, ಕನಸು, ಎರಡು ಬದುಕು, ಒಂದು ಬಣ್ಣದಲ್ಲಿ, ಇನ್ನೊಂದು ಕಪ್ಪುಬಿಳುಪಿನಲ್ಲಿ. ಯಾವುದು ನಿಜ ಎಂದು ಕೇಳುವ ಅಭ್ಯಾಸ ಇದರಿಂದ ಆಗಿಬಿಟ್ಟರೆ, ಆಮೇಲೆ ‘ದಿ ಮ್ಯಾಟ್ರಿಕ್ಸ್’ ಹಿಂದಿಯಲ್ಲಿ ನೋಡಿದರೂ ಅರ್ಧ ಕಷ್ಟ ಕಡಿಮೆ. ಹಾಸ್ಟೆಲ್‌ಗಳಿಗೆ ನಾವು ಹೇಳುವ ಕ್ರಮ ಇದೇ, ಒಂದು ಶನಿವಾರ ‘ಲೂಸಿಯಾ’, ಮುಂದಿನ ಶನಿವಾರ ‘ದಿ ಮ್ಯಾಟ್ರಿಕ್ಸ್’.

ಸಭಾಂಗಣದಲ್ಲಿ ತೋರಿಸುವುದಾದರೆ

ಮನೆಯ ಒಟಿಟಿ ಚಂದಾ ಮನೆಯವರಿಗೆ ಮಾತ್ರ. ಸಮುದಾಯ ಭವನದಲ್ಲಿ ಪರದೆ ಕಟ್ಟಿ ಊರವರನ್ನು ಕೂರಿಸಿದರೆ ಅದು ಸಾರ್ವಜನಿಕ ಪ್ರದರ್ಶನ, ಟಿಕೆಟ್ ಇಡದಿದ್ದರೂ ಹಕ್ಕುದಾರರ ಪರವಾನಗಿ ಬೇಕು. ಶಾಲೆ ಕಾಲೇಜುಗಳಿಗೆ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಸೆಕ್ಷನ್ನಿನಲ್ಲಿ ವಿನಾಯಿತಿ ಇದೆ: ಸಂಸ್ಥೆಯ ಚಟುವಟಿಕೆಯ ಭಾಗವಾಗಿರಬೇಕು, ನೋಡುವವರು ಸಿಬ್ಬಂದಿ, ವಿದ್ಯಾರ್ಥಿಗಳು, ಪೋಷಕರು ಮತ್ತು ಸಂಸ್ಥೆಗೆ ಸಂಬಂಧಪಟ್ಟವರಷ್ಟೇ ಆಗಿರಬೇಕು. ಆದರೂ ಒಟಿಟಿಯ ಷರತ್ತುಗಳು ಬೇರೆಯೇ ಇರುತ್ತವೆ, ಹಾಗಾಗಿ ಕಾಲೇಜಿನ ಗ್ರಂಥಾಲಯಕ್ಕೆ ಡಿಸ್ಕ್ ಕೊಳ್ಳುವುದು ನೆಮ್ಮದಿ. ಕೊಳ್ಳುವಾಗ ಡಬ್ಬಿಯ ಹಿಂಬದಿ ತಿರುಗಿಸಿ ದನಿಯ ಭಾಷೆಗಳನ್ನು ಓದಿ. ಹೊರದೇಶದ ಡಿಸ್ಕಿನಲ್ಲಿ ಹಿಂದಿ ಇರುವುದು ಅಪರೂಪ. 2023ರ ತಿದ್ದುಪಡಿಯ ಬಳಿಕ ಯುಎ ಪ್ರಮಾಣಪತ್ರ 7, 13, 16 ವಯಸ್ಸಿನಂತೆ ಮೂರು ಬಗೆ ಆಗಿದೆ, ಹಳೆಯ ಡಿಸ್ಕಿನ ಮೇಲೆ ಆ ಗುರುತು ಹುಡುಕಬೇಡಿ.

ಸಭಾಂಗಣದಲ್ಲಿ ಭಾಷೆಯ ಆಯ್ಕೆ ಕೊನೆಯ ಸಾಲಿನವರನ್ನು ನೋಡಿ ಆಗಬೇಕು. 100 ಇಂಚಿನ ಪರದೆ 221 ಸೆಂ.ಮೀ. ಅಗಲ, 125 ಸೆಂ.ಮೀ. ಎತ್ತರ, ಈ ಸಿನಿಮಾದ ಚಿತ್ರ ಅದರಲ್ಲಿ 93 ಸೆಂ.ಮೀ. ಎತ್ತರ ಮಾತ್ರ ತುಂಬುತ್ತದೆ. ಹತ್ತು ಮೀಟರ್ ದೂರದಿಂದ ಓದಲು ಅಡಿಬರಹದ ಅಕ್ಷರ 5 ಸೆಂ.ಮೀ. ಇರಲಿ, ಕನ್ನಡವಾದರೆ ಇನ್ನೂ ದೊಡ್ಡದು. ಅದನ್ನು ಚಿತ್ರದ ಮೇಲೆ ಬರೆಯದೆ ಕೆಳಗಿನ ಕಪ್ಪು ಪಟ್ಟಿಗೆ ಇಳಿಸಿದರೆ ಮುಖಗಳು ಉಳಿಯುತ್ತವೆ, ಆದರೆ ಮುಂದಿನ ಸಾಲಿನ ತಲೆಗಳು ಅಡ್ಡ ಬರುತ್ತವೆ. ಪರದೆಯ ಕೆಳಂಚು ನೆಲದಿಂದ ಒಂದೂಕಾಲು ಮೀಟರ್ ಮೇಲಿರುವಂತೆ ಕಟ್ಟಿ. ಅಷ್ಟು ಎತ್ತರ ಸಾಧ್ಯವಿಲ್ಲದ, ಕಿಟಕಿಗೆ ಪರದೆ ಇಲ್ಲದ, ದನಿ ಗೋಡೆಗೆ ಬಡಿದು ಮರಳುವ ಕಲ್ಯಾಣ ಮಂಟಪದಂಥ ಜಾಗದಲ್ಲಿ ಅಡಿಬರಹವೂ ಓದಲಾಗದು, ಇಂಗ್ಲಿಷೂ ಕೇಳದು. ಅಲ್ಲಿ ಹೆಚ್ಚಿನವರ ಕಿವಿಗೆ ಒಗ್ಗುವ ಡಬ್ ಹಾಕಿ, ವಿವರಣೆಯ ಭಾಗ ಮುಗಿದ ಕೂಡಲೇ ನಿಲ್ಲಿಸಿ, ಲೈಟ್ ಹಾಕಿ, ಕನ್ನಡದಲ್ಲಿ ಎರಡು ನಿಮಿಷ ಹೇಳಿ ಮುಂದುವರಿಸಿ.